ಗದುಗಿನ ಕಂಬದಿಂದ ಮರಾಬಾರ್ ಗುಹೆಗೆ

ಬೆಟಗೇರಿಯ ವೀರಗಲ್ಲುಗಳನ್ನು ಕೆಳಗಿನಿಂದ ಮೇಲಕ್ಕೆ ಓದಬೇಕು. ಗೊತ್ತಿಲ್ಲದವರು ತುದಿಯಲ್ಲಿರುವ ಲಿಂಗಕ್ಕೆ ಕೈ ಮುಗಿದು, ಬುಡದ ಹೋರಾಟವನ್ನು ಬರೀ ಅಲಂಕಾರ ಅಂದುಕೊಂಡು, ಒಂದು ಫೋಟೋ ಹೊಡೆದು ಹೊರಟುಬಿಡುತ್ತಾರೆ. ರಾಷ್ಟ್ರಕೂಟರ ಕಾಲದವು, 9-10ನೆಯ ಶತಮಾನದವು ಎಂದು ಬಲ್ಲವರು ಹೇಳುವ ಈ ಕಲ್ಲುಗಳು ಆಳೆತ್ತರವನ್ನು ಮೀರಿ ನಿಂತಿವೆ. ಅವುಗಳ ಮುಂದೆ ನಿಂತರೆ ಮೊದಲು ಕುತ್ತಿಗೆ ನೋಯುತ್ತದೆ, ಆಮೇಲೆ ಬೆರಗು ಶುರುವಾಗುತ್ತದೆ. ನಾನು ನೋಡುತ್ತಿದ್ದ ಕಲ್ಲಿನ ಬುಡದ ಪಟ್ಟಿಯಲ್ಲಿ ಕತ್ತಿ ಎತ್ತಿದ ತೋಳೊಂದು ಮಳೆಗಾಳಿಗೆ ಸವೆದು ಸಾಬೂನಿನ ತುಂಡಿನಷ್ಟು ನುಣುಪಾಗಿತ್ತು. ಎದುರಾಳಿಯ ಮುಖ ಪೂರ್ತಿ ಅಳಿಸಿಹೋಗಿತ್ತು, ಆದರೆ ಅವನು ಹಿಂದಕ್ಕೆ ವಾಲಿದ ರೀತಿಯಲ್ಲೇ ಏಟು ಎಲ್ಲಿ ಬಿತ್ತೆಂದು ಗೊತ್ತಾಗುತ್ತಿತ್ತು. ನಡುವಿನ ಪಟ್ಟಿಯಲ್ಲಿ ಅದೇ ವೀರ. ಈಗ ಮೈಮೇಲೆ ಗಾಯವಿಲ್ಲ, ಎಡಬಲಕ್ಕೆ ಅಪ್ಸರೆಯರು. ಮೇಲಿನದರಲ್ಲಿ ಲಿಂಗ, ಪೂಜೆ, ಕೈಲಾಸ.

ನೆರಳಿನಲ್ಲಿ ಕೂತಿದ್ದ ಅಜ್ಜನೊಬ್ಬ ನನ್ನ ಕತ್ತು ಮೇಲೆ ಕೆಳಗೆ ಆಡುವುದನ್ನು ನೋಡಿ ನೋಡಿ ಸಾಕಾಗಿ ಎದ್ದು ಬಂದ.

"ಕೆಳಗ ಬಡದಾಟ, ನಡುವ ಮ್ಯಾಲ ಹೋಗೂದು, ತುದಿಗೆ ಶಿವನ ಮುಂದ ಕುಂಡ್ರೂದು. ಮೂರ ಸೀನ್ ಯವ್ವಾ. ಪಿಚ್ಚರ್ ಮುಗೀತು."

"ಕತಿ ಬರದಾವ್ರು ಯಾರ ಅಜ್ಜಾ?"

"ಸತ್ತಾವನ ಹೆಸರ ಉಳೀಲಿ ಅಂತ ಕಲ್ಲ ನಿಲ್ಲಿಸ್ಯಾರ. ಕಡದಾವನ ಹೆಸರು ಯಾರ್ ಕೇಳ್ತಾರ?"

ಅವನು ಆಯುಷ್ಯವೆಲ್ಲ ಮಗ್ಗದಲ್ಲಿ ಕಳೆದವನು. ನೇಯ್ದವರ ಹೆಸರನ್ನೂ ಸೀರೆಯ ಮೇಲೆ ಯಾರೂ ಹಾಕುವುದಿಲ್ಲವಲ್ಲ, ಹಾಗಾಗಿ ಅವನ ಮಾತಿನಲ್ಲಿ ದೂರು ಇರಲಿಲ್ಲ. ನನ್ನೊಳಗೆ ಮಾತ್ರ ಆ ಮಾತು ಸಿಕ್ಕಿಕೊಂಡಿತು. ಯಾಕೆಂದರೆ ನನ್ನ ಚೀಲದಲ್ಲಿ ಆಗ ಇದ್ದದ್ದು ಹಾಗೆಯೇ ಅರೆಬರೆ ಸವೆದುಹೋದ ಹೆಸರೊಂದರ ಪುಸ್ತಕ. 'ಎ ಪ್ಯಾಸೇಜ್ ಟು ಇಂಡಿಯಾ', ನಾಟಕ. ಕಾದಂಬರಿ ಇಂಗ್ಲೆಂಡಿನ ಇ. ಎಂ. ಫಾರ್ಸ್ಟರ್ ಅವರದು, 1924ರದ್ದು. ಅದನ್ನು ರಂಗಕ್ಕೆ ತಂದವರು ಶಾಂತಾ ರಾಮರಾವ್. ಆ ನಾಟಕ ಲಂಡನ್ನಿನಿಂದ ನ್ಯೂಯಾರ್ಕಿಗೆ ಹೋಯಿತು, ಬಿಬಿಸಿ ಟಿವಿಗೆ ಹೋಯಿತು, ಕೊನೆಗೆ ಡೇವಿಡ್ ಲೀನ್ ಅವರ ಸಿನಿಮಾದೊಳಗೆ ಸೇರಿಕೊಂಡಿತು. ಅಷ್ಟೆಲ್ಲ ಸುತ್ತಿದ ಬರಹಗಾರ್ತಿಯ ತಾಯಿ ಬೆಳೆದದ್ದು ಬೆಟಗೇರಿಯಿಂದ ರೈಲಿನಲ್ಲಿ ತಾಸೊಂದರ ಹಾದಿಯ ಹುಬ್ಬಳ್ಳಿಯಲ್ಲಿ. ಕನ್ನಡ ಕಲಿತು ಬೆಳೆದ ತಾಯಿ ಆಕೆ.

ಬೆಟಗೇರಿ ಎಲ್ಲಿ ಮುಗಿದು ಗದಗ ಎಲ್ಲಿ ಶುರುವಾಗುತ್ತದೆಂದು ಹೊಸಬರಿಗೆ ತಿಳಿಯುವುದಿಲ್ಲ. ಎರಡಕ್ಕೂ ಒಂದೇ ನಗರಸಭೆ. ಬೆಟಗೇರಿಯವರಿಗೆ ಮಾತ್ರ ಅಂಗುಲ ಅಂಗುಲ ಗೊತ್ತು. ಓಣಿಯೊಳಗೆ ಹೋದರೆ ಒಂದು ಮನೆಯಲ್ಲಿ ಲಾಳಿ ಟಕಟಕ ಅನ್ನುತ್ತಿದೆ, ಪಕ್ಕದ ಮನೆಯಲ್ಲಿ ಧಾರಾವಾಹಿ. 19ನೆಯ ಶತಮಾನದಲ್ಲೇ ಬಾಸೆಲ್ ಮಿಶನ್ನಿನವರು ಬಂದು ನೆಲೆಯೂರಿದ ಊರಿದು. ಕಡಲಾಚೆಯಿಂದ ಬಂದವರು ಇಲ್ಲಿ ಕನ್ನಡ ಕಲಿತು, ಕನ್ನಡದಲ್ಲಿ ಉಪದೇಶ ಮಾಡಿ, ಶಾಲೆ ದವಾಖಾನೆ ಕಟ್ಟಿಕೊಂಡು ಇದ್ದರು. ಪರದೇಶದ ಜನಕ್ಕೆ ತಮ್ಮ ಕತೆಯನ್ನು ಅವರ ಮಾತಿನಲ್ಲೇ ಹೇಳುವ ಕಸುಬು ಈ ಓಣಿಗಳಿಗೆ ಹೊಸದಲ್ಲ.

ಗದುಗಿನ ವೀರನಾರಾಯಣ ಗುಡಿಗೆ ಹೋದವರು ದೇವರನ್ನು ಎಷ್ಟು ಹೊತ್ತು ನೋಡುತ್ತಾರೋ ಅದಕ್ಕಿಂತ ಹೆಚ್ಚು ಹೊತ್ತು ಒಂದು ಕಂಬವನ್ನು ನೋಡುತ್ತಾರೆ. ಕುಮಾರವ್ಯಾಸನ ಕಂಬ. ಕೋಳಿವಾಡದ ನಾರಣಪ್ಪ ಕೊಳದಲ್ಲಿ ಮುಳುಗೆದ್ದು, ಒದ್ದೆ ಬಟ್ಟೆಯಲ್ಲೇ ಬಂದು, ಆ ಕಂಬಕ್ಕೆ ಒರಗಿ ಬರೆಯುತ್ತಿದ್ದ. ಬಟ್ಟೆ ಆರುವ ತನಕ ಪದ್ಯ ಹರಿಯುತ್ತಿತ್ತು, ಆರಿದ ಕೂಡಲೇ ನಿಲ್ಲುತ್ತಿತ್ತು ಎಂಬುದು ಊರಿನ ನಂಬಿಕೆ. ನಾನು ಹೋದಾಗ ಮೂರು ತಲೆಮಾರಿನ ಕುಟುಂಬವೊಂದು ಆ ಕಂಬದ ಹತ್ತಿರ ನಿಂತಿತ್ತು. ಮೊಮ್ಮಗಳು "ಅಷ್ಟ ಬಿಸಲಾಗ ಬಟ್ಟಿ ಲಗೂನ ಆರತದಲ್ಲ, ಮತ್ತ ಅಷ್ಟ ದೊಡ್ಡ ಪುಸ್ತಕ ಹ್ಯಾಂಗ ಬರದಾ?" ಅಂತ ಕೇಳಿದಳು. ಅಜ್ಜಿಯ ಹತ್ತಿರ ಉತ್ತರ ತಯಾರಿತ್ತು: "ಅದಕ್ಕ ಹತ್ತ ಪರ್ವಕ್ಕ ನಿಂತದ."

ನಾನು ಆ ಅಜ್ಜಿಯನ್ನು ಮೆಚ್ಚಿದೆ. ಕುಮಾರವ್ಯಾಸ ಬರೆದದ್ದು ಹತ್ತೇ ಪರ್ವ. ಅದೂ ವ್ಯಾಸರ ಕತೆ, ಹೊಸದಾಗಿ ಕಟ್ಟಿದ್ದಲ್ಲ. ಪಾಂಡವರ ಕತೆಯನ್ನು ಕೃಷ್ಣನ ಕತೆ ಮಾಡಿದ, ಭಾಮಿನಿಯ ನಡೆಗೆ ಒಗ್ಗಿಸಿದ, ಬೇಡದ್ದನ್ನು ಬಿಟ್ಟ, ಮಾತುಕತೆಗೆ ಜೀವ ತುಂಬಿದ. ಇವತ್ತಿನ ಸಿನಿಮಾ ಕಚೇರಿಯಲ್ಲಿ ಈ ಕೆಲಸಕ್ಕೆ ಚಿತ್ರಕತೆ-ಸಂಭಾಷಣೆ ಅನ್ನುತ್ತಾರೆ. ಅದೇ ಕೆಲಸ ಮಾಡಿದವನು ಒರಗಿದ ಕಂಬಕ್ಕೆ ಗದುಗಿನಲ್ಲಿ ಜನ ಕೈ ಮುಗಿಯುತ್ತಾರೆ! ಬರೆದದ್ದನ್ನು ಒರೆಸಿ ತಿದ್ದುವ ಪೈಕಿ ತಾನಲ್ಲ ಎಂದು ಅವನೇ ತನ್ನ ಕಾವ್ಯದ ಮೊದಲಲ್ಲಿ ಹೆಮ್ಮೆಪಟ್ಟುಕೊಂಡಿದ್ದಾನೆ. ಸಿನಿಮಾಕ್ಕೆ ಬರೆಯುವವರು ಹೀಗೆ ಹೆಮ್ಮೆಪಟ್ಟರೆ ಮರುದಿನದಿಂದ ಕೆಲಸ ಇರುವುದಿಲ್ಲ. ಅವರ ಬರಹ ಇರುವುದೇ ಬೇರೆಯವರ ಕೈಯಲ್ಲಿ ಒರೆಸಿಹೋಗಲಿಕ್ಕೆ.

ಈ ಸೀಮೆಯೇ ಹಾಗೆ, ಮರಳಿ ಹೇಳುವವರ ಸೀಮೆ. ತೆಂಕಣಕ್ಕೆ ಲಕ್ಷ್ಮೇಶ್ವರ ಇದೆ, ಹಳೆಯ ಪುಲಿಗೆರೆ. ಅಲ್ಲಿಯ ಕನ್ನಡವೇ ಕನ್ನಡದ ತಿರುಳು ಎಂದು ಹತ್ತನೆಯ ಶತಮಾನದಲ್ಲೇ ಹೆಸರಾಗಿತ್ತು. ಪಡುವಣಕ್ಕೆ ಅಣ್ಣಿಗೇರಿ, ಪಂಪನ ತಾಯಿಯ ತವರು. ಪಂಪ ಮಹಾಭಾರತಕ್ಕೆ ಕೈ ಹಾಕಿ, ತನ್ನ ದೊರೆ ಅರಿಕೇಸರಿಯನ್ನು ಅರ್ಜುನನೊಂದಿಗೆ ಹೊಂದಿಸಿ, ದ್ರೌಪದಿಯನ್ನು ಅರ್ಜುನನೊಬ್ಬನ ಹೆಂಡತಿಯನ್ನಾಗಿ ಮಾಡಿಬಿಟ್ಟ. ಇಷ್ಟು ದೊಡ್ಡ ತಿದ್ದುಪಡಿಗೆ ಇಂದಿನ ಯಾವ ನಿರ್ಮಾಪಕನೂ ಒಪ್ಪಲಾರ. ಇನ್ನು ಗದುಗಿನ ಗರುಡ ಸದಾಶಿವರಾಯರು ತಮ್ಮ ದತ್ತಾತ್ರೇಯ ನಾಟಕ ಮಂಡಳಿಯನ್ನು ಕಟ್ಟಿಕೊಂಡು ಪುರಾಣದ ಕತೆಗಳನ್ನು ಊರೂರಿಗೆ ಹೊತ್ತು ತಿರುಗಿದ್ದೂ ಇದೇ ಮಣ್ಣಿನಿಂದ. ಇಲ್ಲೆಲ್ಲ ಮೂಲ ಯಾರದೆಂದು ಯಾರೂ ಜಗಳ ತೆಗೆಯಲಿಲ್ಲ, ಮರಳಿ ಹೇಳಿದವನ ಹೆಸರನ್ನೂ ಮರೆಯಲಿಲ್ಲ.

ಗದಗ ಜಂಕ್ಷನ್ನಿನಲ್ಲಿ ಬದನೆಕಾಯಿ ಬಜ್ಜಿ ಕಟ್ಟಿಸಿಕೊಂಡು ಹುಬ್ಬಳ್ಳಿಯ ರೈಲು ಹತ್ತಿದೆ. ಈ ಹಳಿಗಳ ಹಿಂದೆ ಹಸಿವಿನ ಕತೆ ಇದೆ. 1876-78ರ ಬರದಲ್ಲಿ ಬಯಲುಸೀಮೆಯ ಜನ ಹುಳುಗಳಂತೆ ಸತ್ತ ಮೇಲೆ, ಇನ್ನೊಂದು ಬರ ಬಂದರೆ ಕಾಳು ಸಾಗಿಸಲು ದಾರಿ ಬೇಕೆಂದು ಸರಕಾರಕ್ಕೆ ಹೊಳೆಯಿತು. 1880ರ ದಶಕದಲ್ಲಿ ಸದರ್ನ್ ಮರಾಠಾ ರೈಲ್ವೆ ಈ ಎರೆಭೂಮಿಯ ಮೇಲೆ ಹಳಿ ಹಾಸಿತು. ಕಿಟಕಿಯ ಆಚೆ ಕಡಲೆ, ಜೋಳ, ದೂರದಲ್ಲಿ ಕಪ್ಪತಗುಡ್ಡದ ನೆತ್ತಿಯ ಮೇಲೆ ತಿರುಗುವ ಗಾಳಿ ಫ್ಯಾನುಗಳು. ಹುಲಕೋಟಿ ಹೋಯಿತು, ಅಣ್ಣಿಗೇರಿ ಬಂತು. ಪಂಪನ ತಾಯಿಯ ಊರಿನಲ್ಲಿ ರೈಲು ನಿಂತದ್ದು ಒಂದೇ ಗಳಿಗೆ. ಮೂವರು ಇಳಿದರು, ಐವರು ಹತ್ತಿದರು, ಯಾರ ಕೈಯಲ್ಲೂ ಪುಸ್ತಕ ಇರಲಿಲ್ಲ.

ಹುಬ್ಬಳ್ಳಿಯ ನಿಲ್ದಾಣ ಈಗ ನೋಡುವಂಥದ್ದು. 2023ರಲ್ಲಿ ಅಲ್ಲಿ 1507 ಮೀಟರ್ ಉದ್ದದ ಪ್ಲಾಟ್‌ಫಾರ್ಮ್ ಆಯಿತು, ಜಗತ್ತಿನಲ್ಲೇ ಅತಿ ಉದ್ದದ್ದು. ಒಂದು ತುದಿಯಿಂದ ಇನ್ನೊಂದು ತುದಿಗೆ ಹೋಗುವಷ್ಟರಲ್ಲಿ ನನ್ನ ಬಜ್ಜಿ ಮುಗಿದಿತ್ತು. ಅಲ್ಲಿಂದ ಗದಗ ರಸ್ತೆಗೆ ಹೋದೆ. ರೈಲಿನ ಕಾರ್ಖಾನೆ, ಕಚೇರಿಗಳು, ಹಳೆಯ ಕ್ವಾರ್ಟರ್ಸು, 2020ರಲ್ಲಿ ತೆರೆದ ರೈಲ್ವೆ ವಸ್ತುಸಂಗ್ರಹಾಲಯ, ಎಲ್ಲ ಆ ರಸ್ತೆಯಲ್ಲೇ ಇವೆ. ಸಂಗ್ರಹಾಲಯದಲ್ಲಿ ಹಳೆಯ ಗಡಿಯಾರ, ಲಾಂದ್ರ, ಟಿಕೆಟ್ಟಿಗೆ ತೂತು ಹೊಡೆಯುವ ಕತ್ತರಿ ನೋಡುತ್ತ ನಿಂತಾಗ ಆ ಕಾಲದ ಹುಬ್ಬಳ್ಳಿ ಕಣ್ಣಿಗೆ ಕಟ್ಟಿತು. ರೈಲು ಬಂದ ಮೇಲೆ ಆ ಪೇಟೆಗೆ ಬಾರದ ಜಾತಿಯಿಲ್ಲ, ಕೇಳದ ಭಾಷೆಯಿಲ್ಲ.

ಅಂಥ ಊರಿನಲ್ಲಿ 1893ರಲ್ಲಿ ಕಾಶ್ಮೀರಿ ಪಂಡಿತರ ಹಂಡೂ ಮನೆತನದಲ್ಲಿ ಒಂದು ಹೆಣ್ಣು ಮಗು ಹುಟ್ಟಿತು. ಹೆಸರು ಧನ್ವಂತಿ. ಹುಬ್ಬಳ್ಳಿಯ ಶಾಲೆಗೆ ಹೋಗಿ ಕನ್ನಡ, ಇಂಗ್ಲಿಷ್ ಎರಡನ್ನೂ ಮಾತಾಡಲು ಕಲಿತಳು. ಹದಿಹರೆಯದಲ್ಲಿ ಮದರಾಸಿಗೆ ಹೋಗಿ ಪ್ರೆಸಿಡೆನ್ಸಿ ಕಾಲೇಜಿನಲ್ಲಿ ಓದಿದಳು. ಅಲ್ಲೇ ಕ್ವೀನ್ ಮೇರಿ ಕಾಲೇಜಿನಲ್ಲಿ ಇಂಗ್ಲಿಷ್ ಪಾಠ ಹೇಳಿದಳು. ಮದುವೆಯಾದದ್ದು ದಕ್ಷಿಣ ಕನ್ನಡ ಮೂಲದ ಬೆನಗಲ್ ರಾಮರಾಯರನ್ನು. ('ಪುರಾಣನಾಮ ಚೂಡಾಮಣಿ'ಯ ಬೆನಗಲ್ ರಾಮರಾಯರು ಬೇರೆ. ಇವರು ಐಸಿಎಸ್ ಅಧಿಕಾರಿ, ಮುಂದೆ 1949ರಿಂದ 1957ರ ತನಕ ರಿಸರ್ವ್ ಬ್ಯಾಂಕಿನ ಗವರ್ನರು. ಸಂವಿಧಾನ ಸಭೆಯ ಸಲಹೆಗಾರರಾಗಿದ್ದ ಬಿ. ಎನ್. ರಾವ್ ಇವರ ಅಣ್ಣ.) ಧನ್ವಂತಿಯವರೂ ಗಂಡನ ನೆರಳಾಗಿ ಉಳಿಯಲಿಲ್ಲ. 1949ರಲ್ಲಿ ಭಾರತದ ಕುಟುಂಬ ಯೋಜನಾ ಸಂಘವನ್ನು ಕಟ್ಟಿ, ಆ ಮಾತನ್ನು ನಾಲ್ಕು ಜನರ ಮುಂದೆ ಎತ್ತಲು ನಾಚುತ್ತಿದ್ದ ಕಾಲದಲ್ಲಿ ದೇಶವೆಲ್ಲ ತಿರುಗಿದರು. 1959ರಲ್ಲಿ ಪದ್ಮಭೂಷಣ ಬಂತು.

ಇವರ ಮಗಳು ಶಾಂತಾ ಹುಟ್ಟಿದ್ದು 1923ರಲ್ಲಿ, ಮದರಾಸಿನಲ್ಲಿ. ಐದೂವರೆ ವರ್ಷದ ಅವಳನ್ನೂ ಎಂಟು ವರ್ಷದ ಅಕ್ಕ ಪ್ರೇಮಿಳಾಳನ್ನೂ ಆಂಗ್ಲೋ-ಇಂಡಿಯನ್ ಶಾಲೆಗೆ ಸೇರಿಸಿದರು. ಮುಖ್ಯೋಪಾಧ್ಯಾಯಿನಿಗೆ ಈ ಹೆಸರುಗಳು ನಾಲಿಗೆಗೆ ಹೊರಳಲಿಲ್ಲ. ಬಾಗಿಲಲ್ಲೇ ಪ್ರೇಮಿಳಾ 'ಪಮೇಲಾ' ಆದಳು, ಶಾಂತಾ 'ಸಿಂತಿಯಾ' ಆದಳು. ಆಮೇಲೊಂದು ದಿನ ಪರೀಕ್ಷೆಯ ಹೊತ್ತಿನಲ್ಲಿ, ಭಾರತದ ಮಕ್ಕಳು ನಕಲು ಮಾಡುತ್ತಾರೆಂದು ಟೀಚರು ಅವರನ್ನು ಹಿಂದಿನ ಸಾಲಿಗೆ ದೂಡಿ, ನಡುವೆ ಒಂದೊಂದು ಡೆಸ್ಕು ಬಿಡಿಸಿ ಕೂರಿಸಿದರು. ಅಕ್ಕ ಎದ್ದವಳೇ ತಂಗಿಯ ಕೈ ಹಿಡಿದುಕೊಂಡು ಮನೆಗೆ ನಡೆದುಬಿಟ್ಟಳು. ದೊಡ್ಡವಳಾದ ಮೇಲೆ ಶಾಂತಾ ಇದನ್ನು ಬರೆದರು. 1951ರಲ್ಲಿ 'ನ್ಯೂಯಾರ್ಕರ್' ಪತ್ರಿಕೆಯಲ್ಲಿ ಬಂದ ಆ ಬರಹ ಅಮೆರಿಕದ ಎಷ್ಟೋ ಶಾಲೆಗಳಲ್ಲಿ ಪಾಠವಾಗಿದೆ. ಅದರ ಚಂದವೆಂದರೆ ಕೋಪವನ್ನು ಎಲ್ಲೂ ಏರುದನಿಯಲ್ಲಿ ಹೇಳುವುದಿಲ್ಲ. ಮನೆಗೆ ಬಂದ ಮಕ್ಕಳಿಗೆ ಅಮ್ಮ ಏನು ಕೇಳಿದಳು, ಅವರು ಏನೆಂದರು ಅಷ್ಟೇ. ಸಿನಿಮಾಕ್ಕೆ ಬರೆಯುವ ಕೈ ಅದು, ಆಗಲೇ ಪಳಗಿತ್ತು.

ಇಂಗ್ಲೆಂಡಿನಲ್ಲಿ ಶಾಲೆ, ಅಮೆರಿಕದ ವೆಲ್ಸ್ಲಿ ಕಾಲೇಜಿನಲ್ಲಿ ಪದವಿ, 1945ರಲ್ಲಿ ಮೊದಲ ಪುಸ್ತಕ 'ಹೋಮ್ ಟು ಇಂಡಿಯಾ'. ತಂದೆಯ ಹುದ್ದೆಯಿಂದಾಗಿ ಯುದ್ಧಾನಂತರದ ಟೋಕಿಯೋಗೆ ಹೋದಾಗ ಅಲ್ಲಿ ಫಾಬಿಯನ್ ಬವರ್ಸ್ ಎಂಬ ಅಮೆರಿಕನ್ ಸಿಕ್ಕರು, ಮುಂದೆ ಮದುವೆಯೂ ಆಯಿತು. ಜಪಾನನ್ನು ಗೆದ್ದ ಸೈನ್ಯ ಕಬುಕಿ ರಂಗಭೂಮಿಯ ಮೇಲೆ ನಿರ್ಬಂಧ ಹೇರಿದ್ದಾಗ ಅದನ್ನು ಸಡಿಲಿಸಲು ಹೆಣಗಿದವರು ಈತ. ಅವರಿಬ್ಬರೂ ಏಷ್ಯಾದ ನಾಟಕ, ಕುಣಿತಗಳನ್ನು ನೋಡುತ್ತ ಸುತ್ತಿದರು. ನಮ್ಮ ದೊಡ್ಡಾಟ, ಬಯಲಾಟಗಳ ಸೀಮೆಯಲ್ಲಿ ಬೆಳೆದ ತಾಯಿಯ ಮಗಳು ರಂಗಭೂಮಿಯ ಬೆನ್ನು ಹತ್ತಿದ್ದರಲ್ಲಿ ಆಶ್ಚರ್ಯವಿಲ್ಲ ಎಂದು ಬರೆಯಬೇಕೆನಿಸುತ್ತದೆ. ಅದು ನನ್ನ ಊರಭಿಮಾನ, ಬಿಡಿ.

ಫಾರ್ಸ್ಟರ್ ತಮ್ಮ ಕಾದಂಬರಿಯನ್ನು ಸಿನಿಮಾದವರ ಕೈಗೆ ಕೊಡಲು ಸುತಾರಾಂ ಒಪ್ಪದವರು. ಒಂದೋ ಇಂಗ್ಲಿಷರ ಪರವಾಗಿ, ಇಲ್ಲವೇ ಭಾರತದವರ ಪರವಾಗಿ ವಾಲಿಸಿಬಿಡುತ್ತಾರೆಂಬ ಅಂಜಿಕೆ. ಶಾಂತಾ ಬರೆದ ನಾಟಕವನ್ನು ಮಾತ್ರ ಅವರು ಮೆಚ್ಚಿದರು. 1960ರ ಜನವರಿಯಲ್ಲಿ ಆಕ್ಸ್‌ಫರ್ಡಿನಲ್ಲಿ, ಏಪ್ರಿಲಿನಲ್ಲಿ ಲಂಡನ್ನಿನಲ್ಲಿ ಪ್ರಯೋಗವಾಯಿತು. ಡಾಕ್ಟರ್ ಅಜೀಜನ ಪಾತ್ರಕ್ಕೆ ಜಿಯಾ ಮೊಹಿಯುದ್ದೀನ್. 1962ರ ಜನವರಿ 31ಕ್ಕೆ ನ್ಯೂಯಾರ್ಕಿನ ಬ್ರಾಡ್‌ವೇ. ಅಲ್ಲಿ 109 ಆಟ. 1965ರಲ್ಲಿ ವಾರಿಸ್ ಹುಸೇನ್ ನಿರ್ದೇಶನದಲ್ಲಿ ಬಿಬಿಸಿಯ ಪರದೆ. ಬ್ರಿಟಿಷರು ಇಲ್ಲಿಂದ ಹೋಗಿ ಇನ್ನೂ 20 ವರ್ಷ ತುಂಬಿರಲಿಲ್ಲ. ಅವರ ಮನೆಯ ಹಜಾರದೊಳಗೆ, ಅವರ ಕ್ಲಬ್ಬಿನ ದರ್ಪವನ್ನು, ಅವರ ಕೋರ್ಟಿನ ವಿಚಾರಣೆಯನ್ನು ತೋರಿಸಿದ ನಾಟಕದ ಮೇಲೆ ಹುಬ್ಬಳ್ಳಿಯ ಮಗಳ ಮಗಳ ಹೆಸರಿತ್ತು. ಇದನ್ನು ನೆನೆದಾಗಲೆಲ್ಲ ನನಗೆ ಒಳಗೊಳಗೇ ಕುಣಿಯುವಂತಾಗುತ್ತದೆ.

1970ರಲ್ಲಿ ಫಾರ್ಸ್ಟರ್ ತೀರಿಕೊಂಡರು. ಹಕ್ಕುಗಳು ಕೇಂಬ್ರಿಜಿನ ಕಿಂಗ್ಸ್ ಕಾಲೇಜಿನ ಪಾಲಾದವು. ಸತ್ಯಜಿತ್ ರಾಯ್ ಕೂಡ ಆಸೆಪಟ್ಟಿದ್ದ ಕತೆಯದು. ಕಾಲೇಜು ವರ್ಷಗಟ್ಟಲೆ ಎಲ್ಲರಿಗೂ ಆಗದೆಂದೇ ಹೇಳಿಕೊಂಡು ಬಂತು. ಕಡೆಗೆ 1980ರ ದಶಕದ ಆರಂಭದಲ್ಲಿ ಜಾನ್ ಬ್ರೇಬೋರ್ನ್ ಮತ್ತು ರಿಚರ್ಡ್ ಗುಡ್ವಿನ್ ಎಂಬ ನಿರ್ಮಾಪಕರಿಗೆ ಹಕ್ಕು ಸಿಕ್ಕಿತು. ಚಿತ್ರಕತೆ ಶಾಂತಾ ರಾಮರಾವ್ ಬರೆಯಬೇಕು, ಡೇವಿಡ್ ಲೀನ್ ನಿರ್ದೇಶಿಸಬೇಕು ಎಂದಾಯಿತು. 'ಲಾರೆನ್ಸ್ ಆಫ್ ಅರೇಬಿಯಾ'ದ ಲೀನ್! 1970ರ ನಂತರ ಒಂದೂ ಕಥಾಚಿತ್ರ ಮಾಡದೆ ಕೂತಿದ್ದ ಮನುಷ್ಯ.

ಶಾಂತಾ ಬರೆದುಕೊಟ್ಟರು. ಲೀನ್‌ಗೆ ಹಿಡಿಸಲಿಲ್ಲ. ಇದು ನಾಟಕಕಾರ್ತಿಯ ಕೈ, ಬಹಳ ಸಾಹಿತ್ಯಕ, ಹೆಚ್ಚಿನ ದೃಶ್ಯಗಳೆಲ್ಲ ಕೋಣೆಯೊಳಗೇ ನಡೆಯುತ್ತವೆ ಎಂಬುದು ತಕರಾರು. ಹೆಸರಿನಲ್ಲೇ ಇಂಡಿಯಾ ಇದ್ದ ಮೇಲೆ ಜನ ಇಂಡಿಯಾವನ್ನು ಕಣ್ತುಂಬ ನೋಡಲು ಬರುತ್ತಾರೆ, ಬಯಲು ಬೇಕು, ಬೆಟ್ಟ ಬೇಕು ಎಂಬುದು ಅವರ ಲೆಕ್ಕ. ಲೀನ್ ದಿಲ್ಲಿಯ ಹೋಟೆಲಿನಲ್ಲಿ ತಿಂಗಳುಗಟ್ಟಲೆ ಕೂತು ಚಿತ್ರಕತೆಯನ್ನು ತಾವೇ ಟೈಪು ಮಾಡಿ, ಜೂರಿಕ್‌ನಲ್ಲಿ ಮುಗಿಸಿದರು. 1984ರಲ್ಲಿ ಚಿತ್ರ ಬಂದಾಗ ಟೈಟಲಿನಲ್ಲಿ ಚಿತ್ರಕತೆ ಡೇವಿಡ್ ಲೀನ್ ಅವರದು. ಆಧಾರ ಫಾರ್ಸ್ಟರರ ಕಾದಂಬರಿ ಮತ್ತು ಶಾಂತಾ ರಾಮರಾವ್ ಅವರ ನಾಟಕ ಎಂದಾಗಿತ್ತು.

ನ್ಯಾಯ ಯಾರ ಕಡೆ? ನಾನು ಚಿತ್ರವನ್ನೂ ನೋಡಿ, ನಾಟಕವನ್ನೂ ಓದಿ ತೂಗಿದ್ದೇನೆ. ಕತೆಯ ಇಂಗ್ಲಿಷ್ ಹುಡುಗಿ ಅಡೆಲಾ ಸೈಕಲ್ ತುಳಿದು ಹೋಗಿ, ಹುಲ್ಲಿನಲ್ಲಿ ಹುದುಗಿದ ಪಾಳುಗುಡಿಯ ಮಿಥುನ ಶಿಲ್ಪಗಳನ್ನು ಕಂಡು ಬೆವತು, ಮೇಲಿನಿಂದ ಕೋತಿಗಳು ಕಿರುಚುತ್ತ ಇಳಿದಾಗ ಓಡುವ ದೃಶ್ಯ ಕಾದಂಬರಿಯಲ್ಲಿಲ್ಲ. ಲೀನ್ ಸೇರಿಸಿದ್ದು. ಮಾತಿಲ್ಲದೆ ಅವಳ ಒಳಗೆಲ್ಲ ತೋರಿಸುತ್ತದೆ, ಅದು ಸಿನಿಮಾ. ಆದರೆ ಅಜೀಜ್ ಮತ್ತು ಅವನ ಇಂಗ್ಲಿಷ್ ಗೆಳೆಯ ಫೀಲ್ಡಿಂಗರ ನಡುವಿನ ಸ್ನೇಹದ ಮುಜುಗರ, ಒಬ್ಬನ ಒಳ್ಳೆಯತನ ಇನ್ನೊಬ್ಬನಿಗೆ ಉಪಕಾರದಂತೆ ಚುಚ್ಚುವ ಆ ನೋವು ನಾಟಕದಲ್ಲಿ ಹೆಚ್ಚು ಸ್ಪಷ್ಟ. ಪಮೇಲಾ, ಸಿಂತಿಯಾ ಎಂದು ಕರೆಸಿಕೊಂಡವರಿಗಷ್ಟೇ ಅದು ತಿಳಿದೀತು. ಪ್ರೊಫೆಸರ್ ಗೋಡಬೋಲೆಯ ಪಾತ್ರಕ್ಕೆ ಅಲೆಕ್ ಗಿನ್ನೆಸ್ ಅವರಿಗೆ ಬಣ್ಣ ಬಳಿದು ನಿಲ್ಲಿಸಿದ್ದನ್ನು ಮಾತ್ರ ನಾನು ಇವತ್ತಿಗೂ ಒಪ್ಪಲಾರೆ.

ಸಿನಿಮಾದ ಮಟ್ಟಿಗೆ ನಾವೂ ಆತಿಥ್ಯದಲ್ಲಿ ಹಿಂದೆ ಬಿದ್ದವರಲ್ಲ. ಶ್ರೀಲಂಕೆಯ ಮಟ್ಟಕಳಪ್ಪಿನ ಸೀಮೆಯಿಂದ ಬಂದ ಬಾಲು ಮಹೇಂದ್ರ ಮೊದಲು ನಿರ್ದೇಶಿಸಿದ್ದು ಕನ್ನಡ ಚಿತ್ರವನ್ನು: 1977ರ 'ಕೋಕಿಲ'. ಛಾಯಾಗ್ರಹಣಕ್ಕೆ ರಾಷ್ಟ್ರಪ್ರಶಸ್ತಿ ಬಂದ ಚಿತ್ರವದು, ಅದರ ಚಿತ್ರಕತೆಗೆ ಕರ್ನಾಟಕ ರಾಜ್ಯ ಪ್ರಶಸ್ತಿ ಸಂದಿತು. ಪರದೇಶದ ಬರಹಗಾರ, ನಮ್ಮ ಭಾಷೆ. ಪ್ರಶಸ್ತಿ ಬಂದದ್ದು ಅವರದೇ ಹೆಸರಿಗೆ.

ಲೀನ್ ಕೇಳಿದ ಬೆಟ್ಟ ಕೊನೆಗೆ ಎಲ್ಲಿ ಸಿಕ್ಕಿತು? ಫಾರ್ಸ್ಟರ್ ಬಿಹಾರದ ಬರಾಬರ್ ಗುಹೆಗಳನ್ನು ನೋಡಿ, ಕತೆಯಲ್ಲಿ ಅವನ್ನು ಮರಾಬಾರ್ ಎಂದು ಕರೆದಿದ್ದರು. ಲೀನ್ ಅಲ್ಲಿಗೇ ಹೋದರು. ಗುಡ್ಡ ಚಪ್ಪಟೆ, ನೋಟಕ್ಕೆ ಸಾಲದು, ಮೇಲೆ ಡಕಾಯಿತರ ಭಯ. ಅಲ್ಲಿಂದ ತಿರುಗಿ ಅವರು ಆರಿಸಿದ್ದು ಕರ್ನಾಟಕದ ಸಾವನದುರ್ಗ ಮತ್ತು ರಾಮದೇವರ ಬೆಟ್ಟವನ್ನು. ತಾಯಿ ಬಿಟ್ಟು ಹೋದ ನಾಡಿಗೆ ಮಗಳ ಕತೆ ತಾನಾಗಿ ನಡೆದು ಬಂದಂತಾಯಿತು. ಕತೆಯ ಊರಾದ ಚಂದ್ರಾಪುರದ ಬೀದಿ ಎದ್ದು ನಿಂತದ್ದು ಬೆಂಗಳೂರಿನ ಅರಮನೆ ಮೈದಾನದಲ್ಲಿ. ಚಿತ್ರದ ಕೊನೆಯ ಭಾಗ ಮಾತ್ರ ಕಾಶ್ಮೀರದ ಶ್ರೀನಗರ, ಕಾದಂಬರಿಯಲ್ಲಿ ಇಲ್ಲದ ಕಾಶ್ಮೀರ. ಹಂಡೂ ಮನೆತನ ಯಾವತ್ತೋ ಬಿಟ್ಟು ಬಂದ ಕಣಿವೆಗೆ ಕ್ಯಾಮೆರಾ ಹೋಗಿ ನಿಂತಿತು. ಲೀನ್ ಇದನ್ನೆಲ್ಲ ಎಣಿಸಿ ಮಾಡಿರಲಿಕ್ಕಿಲ್ಲ. ನಾನು ಎಣಿಸಿದಾಗ ಮೈ ಜುಮ್ಮೆಂದಿತು.

ಗದಗ ಜಿಲ್ಲೆಯಲ್ಲಿ ಶಿರಹಟ್ಟಿಯ ಹತ್ತಿರ ಒಂದು ಮಾಗಡಿ ಇದೆ. ಹಿಮಾಲಯ ದಾಟಿ ಬರುವ ಪಟ್ಟೆತಲೆಯ ಹೆಬ್ಬಾತುಗಳು ಚಳಿಗಾಲ ಕಳೆಯುವ ಕೆರೆ. ಸಾವನದುರ್ಗಕ್ಕೆ ಹೋಗಬೇಕಾದದ್ದು ಇನ್ನೊಂದು ಮಾಗಡಿಗೆ, ಬೆಂಗಳೂರಿನ ಪಕ್ಕದ್ದು. ಬೆಟಗೇರಿಯ ಬಯಲಿನಲ್ಲಿ ಆಕಾಶ ನೋಡಿ ಬಂದವರಿಗೆ ಸಾವನದುರ್ಗ ಕಣ್ಣಿಗೆ ಹೊಡೆದಂತಾಗುತ್ತದೆ. ಗುಡ್ಡ ಅನ್ನುವ ಹಾಗಿಲ್ಲ, ಒಂದೇ ಬಂಡೆ! ಸಮುದ್ರಮಟ್ಟದಿಂದ 1226 ಮೀಟರ್ ಎತ್ತರಕ್ಕೆ ಏರಿದ ಕಲ್ಲು. ಒಂದು ಮೈ ಕರಿಗುಡ್ಡ, ಇನ್ನೊಂದು ಬಿಳಿಗುಡ್ಡ. ಬುಡದಲ್ಲಿ ಸಾವಂದಿ ವೀರಭದ್ರಸ್ವಾಮಿ, ನರಸಿಂಹಸ್ವಾಮಿ. ಬಂಡೆಯ ಮೇಲೆ ನೀರು ಹರಿದ ಕಪ್ಪು ಗೆರೆಗಳು ತುದಿಯಿಂದ ಬುಡದ ತನಕ ನೆಟ್ಟಗೆ ಇಳಿದಿವೆ. ನಡುಮಧ್ಯಾಹ್ನ ಅದರ ಮೇಲೆ ಅಂಗೈ ಇಟ್ಟರೆ ಬಿಸಿ, ಒಂದು ಅಡಿ ಆಚೆಯ ಸೀಳಿನೊಳಗೆ ಇಟ್ಟರೆ ತಣ್ಣಗೆ. ಮರಾಬಾರ್ ಗುಹೆಯಲ್ಲಿ ಅಡೆಲಾ ಯಾಕೆ ಹೆದರಿದಳೆಂದು ಆ ಎರಡು ಅಂಗೈಗಳ ನಡುವೆ ಸ್ವಲ್ಪ ಗೊತ್ತಾಯಿತು.

ಈ ಬಂಡೆಯಲ್ಲಿ ಮರಾಬಾರ್ ಗುಹೆಗಳಿರಲಿಲ್ಲ. ಚಿತ್ರತಂಡದವರೇ ಕಲ್ಲು ಕೊರೆದು ಗುಹೆಯ ಬಾಯಿಗಳನ್ನು ಮಾಡಿಕೊಂಡರು. ನೀರಿನ ಬಾಟಲಿ ಮಾರುತ್ತಿದ್ದ ಹುಡುಗ ನನ್ನ ಜೊತೆ ಹತ್ತಿಕೊಂಡು ಬಂದು, "ಇದೇ ಅಂತಾರೆ ಅಕ್ಕ, ಇಂಗ್ಲಿಷ್ ಪಿಕ್ಚರ್‌ನೋರು ಹೊಡ್ದಿದ್ದು" ಎಂದು ಬಂಡೆಯಲ್ಲಿ ಒಂದು ಕುಳಿಯನ್ನು ತೋರಿಸಿದ. ಬಾಯಿ ಇದೆ, ಹೊಟ್ಟೆ ಇಲ್ಲ. ಬಗ್ಗಿ ಒಳಗೆ ಕೂಗಿದೆ. ಫಾರ್ಸ್ಟರ್ ಹೇಳಿದ ಪ್ರತಿಧ್ವನಿ ಬರಲಿಲ್ಲ. ಹುಡುಗ ಬಿದ್ದು ಬಿದ್ದು ನಕ್ಕ.

"ಶೋಲೆ ನೋಡೋಕೆ ಬರೋರೆಲ್ಲ ಆ ಕಡೆ ರಾಮನಗರಕ್ಕೆ ಹೋಗ್ತಾರೆ. ಇಲ್ಲಿ ಬರೋರು ಬಂಡೆ ಹತ್ತೋಕೆ. ಈ ಪಿಕ್ಚರ್ ಕೇಳ್ಕೊಂಡು ಬಂದಿರೋದು ನೀವೇ. ಚೆನ್ನಾಗಿ ಓಡ್ತಾ?"

ಓಡಿತು ಎಂದೆ. 11 ಆಸ್ಕರ್ ನಾಮನಿರ್ದೇಶನ, ಎರಡು ಪ್ರಶಸ್ತಿ. ಮಿಸೆಸ್ ಮೂರ್ ಪಾತ್ರದ ಪೆಗಿ ಆಶ್‌ಕ್ರಾಫ್ಟ್‌ಗೆ ಒಂದು, ಸಂಗೀತದ ಮೌರಿಸ್ ಜಾರ್‌ಗೆ ಒಂದು. ಚಿತ್ರಕತೆಗೂ ನಾಮನಿರ್ದೇಶನವಿತ್ತು, ಲೀನ್ ಹೆಸರಿನಲ್ಲಿ. ಅದು ಬರಲಿಲ್ಲ. ಈ ಚಿತ್ರವೇ ಲೀನ್ ಅವರ ಕೊನೆಯದಾಯಿತು. ಶಾಂತಾ ನ್ಯೂಯಾರ್ಕ್ ರಾಜ್ಯದಲ್ಲಿ ಬರೆಯುತ್ತ, ಪಾಠ ಹೇಳುತ್ತ ಇದ್ದು 2009ರಲ್ಲಿ ತೀರಿಕೊಂಡರು. ಪ್ರವಾಸ, ಕಾದಂಬರಿ, ಭಾರತದ ಅಡುಗೆ, ಜೈಪುರದ ಗಾಯತ್ರಿದೇವಿಯವರ ಜೊತೆ ಕೂತು ಬರೆದ ಅವರ ಆತ್ಮಕತೆ, ಹೀಗೆ ಪುಸ್ತಕಗಳ ದೊಡ್ಡ ಸಾಲೇ ಇದೆ. ಬೆಂಗಳೂರಿನ ಹಳೆಪುಸ್ತಕದ ಅಂಗಡಿಗಳಲ್ಲಿ ಹುಡುಕಿದರೆ ಒಂದೆರಡು ಈಗಲೂ ಸಿಗುತ್ತವೆ.

ಇಳಿಯುವಾಗ ಸಿಗ್ನಲ್ ಸಿಕ್ಕಿತು. ಹುಡುಗ ತನ್ನ ಮೊಬೈಲಿನಲ್ಲಿ ಚಿತ್ರದ ತುಣುಕು ಹುಡುಕಿ ಹಚ್ಚಿದ. ಆನೆ ಬಂತು, ಬಂಡೆ ಬಂತು, "ಏ, ಇದು ನಮ್ ಬೆಟ್ಟನೇ!" ಎಂದು ಹಿಂದಕ್ಕೆ ಎಳೆದು ಮತ್ತೆ ನೋಡಿದ. ಬರೆದವರು ಯಾರು ಅಂತ ಅವನು ಕೇಳಲಿಲ್ಲ, ನಾನೇ ಹೇಳಿದೆ: ಇದರ ಹಿಂದೆ ಒಂದು ನಾಟಕ ಇದೆ, ಅದನ್ನು ಬರೆದವರ ತಾಯಿ ನಮ್ಮ ಹುಬ್ಬಳ್ಳಿಯಲ್ಲಿ ಬೆಳೆದವರು.

"ಹುಬ್ಬಳ್ಳೀನಾ? ನಮ್ಮಕ್ಕನ್ನ ಕೊಟ್ಟಿರೋದೂ ಅಲ್ಲಿಗೇ. ಭಾವ ರೈಲ್ವೇಲಿ ಇದ್ದಾರೆ" ಅಂದ ಹುಡುಗ. "ಹೋದ ಸಲ ಬಂದಾಗ ಆ ಪ್ಲಾಟ್‌ಫಾರ್ಮ್ ನಡೆದೂ ನಡೆದೂ ಸಾಕಾಯ್ತು ಅಂತ ಬೈಕೊಂಡು ಬಂದ್ಲು."